ಎಡ್ನಾಳ ಎದುರಿನ ಸಾಲು

ಪರಿಹಾಸ್ಯಕ್ಕೆ ಗುರಿಯಾದವನೇ ಎಲ್ಲರಿಗಿಂತ ಹೆಚ್ಚು ನಗುವುದನ್ನು ವಾಚಕರು ಕಂಡಿರಬಹುದು. ಇದರ ಮರ್ಮವೇನು? ಆಸ್ಟ್ರೇಲಿಯದ ನಟ ಬ್ಯಾರಿ ಹಂಫ್ರೀಸ್‌ (1934–2023) ಸೃಷ್ಟಿಸಿ, ತಾನೇ ವೇಷ ಹಾಕಿ ಆಡುತ್ತಿದ್ದ ಎಡ್ನಾ ಎವರೇಜ್ ಎಂಬ ಗೃಹಿಣಿಯನ್ನು ಈ ದೃಷ್ಟಿಯಿಂದ ಪರಿಶೀಲಿಸೋಣ.

ಎಡ್ನಾ ಹುಟ್ಟಿದುದು ಬಸ್ಸಿನಲ್ಲಿ. 1955ರಲ್ಲಿ ನಾಟಕತಂಡದೊಡನೆ ವಿಕ್ಟೋರಿಯ ಪ್ರಾಂತದ ಊರುಗಳನ್ನು ಸುತ್ತುತ್ತಿದ್ದ ತರುಣ ಹಂಫ್ರೀಸ್, ಸ್ಥಳೀಯ ಮಹಿಳೆಯರ ವಂದನಾಭಾಷಣಗಳನ್ನು ಪ್ರಯಾಣದ ನಡುವೆ ಅಣಕಿಸಿ ಸಹನಟರನ್ನು ನಗಿಸುತ್ತಿದ್ದನು. ಅದೇ ಡಿಸೆಂಬರಿನಲ್ಲಿ ಆಕೆ ಮೆಲ್ಬರ್ನಿನ ರಂಗವನ್ನೇರಿದಳು. ಮರುವರ್ಷದ ಒಲಿಂಪಿಕ್ ಕ್ರೀಡೆಗೆ ಬರುವ ಅತಿಥಿಗಳಿಗೆ ಮನೆಯಲ್ಲಿ ಕೋಣೆ ಕೊಡಲು ಮುಂದಾದ ಸಂಕೋಚದ ಹೆಂಗಸು ಅವಳು. ದಶಕಗಳು ಕಳೆದಂತೆ ಸಂಕೋಚ ಹೋಯಿತು. ನೇರಿಳೆ ಬಣ್ಣದ ಕೂದಲೂ ರೆಕ್ಕೆಯಂತಹ ಕನ್ನಡಕವೂ ಬಂದವು.

ಆಟದ ಸಾರವಿದ್ದುದು ಬರೆದಿಟ್ಟ ಮಾತಿನಲ್ಲಲ್ಲ. ಮುಂದಿನ ಸಾಲಿನ ಹೆಂಗಸೊಬ್ಬಳ ಹೆಸರು ಕೇಳಿ, ಮನೆಯೆಲ್ಲಿ, ಮಲಗುವ ಕೋಣೆಯ ಬಣ್ಣವಾವುದು ಎಂದು ಎಡ್ನಾ ವಿಚಾರಿಸುವಳು. ಉತ್ತರ ಬಂದೊಡನೆ ಮರುಕಪಡುವಳು. ಬಹಳ ಹೊತ್ತಿನ ಮೇಲೆ, ಎಲ್ಲರೂ ಮರೆತಿರುವಾಗ, ಅದೇ ಕೋಣೆಯ ಪ್ರಸ್ತಾಪ ಮತ್ತೆ ತಲೆಯೆತ್ತುವುದು. ಯಾವ ಉತ್ತರ ಬರುವುದೆಂದು ನಟನಿಗೆ ತಿಳಿಯದು. ಎಡ್ನಾ ಅದಕ್ಕೆ ಏನೆನ್ನುವಳೆಂಬುದು ಮಾತ್ರ ಚೆನ್ನಾಗಿ ತಿಳಿದಿತ್ತು. ಆಶುಹಾಸ್ಯದ ಬಂಡವಾಳ ಇಷ್ಟೇ. ಕೊನೆಯಲ್ಲಿ ಆಕೆ ಎಸೆದ ಗ್ಲಾಡಿಯೋಲಸ್ ಹೂಗಳನ್ನು, ಅಣಕಕ್ಕೆ ಸಿಕ್ಕವರೂ ಸೇರಿ, ಸಭಿಕರು ಹಿಡಿದು ಬೀಸುತ್ತಿದ್ದರು.

ಇಂತಹ ಮಾತು ನೋಯಿಸಲಿಲ್ಲವೇಕೆ? ಮರ್ಯಾದೆಯ ಗೆರೆ ದಾಟಿದಂತಿರಬೇಕು, ಅದರೊಡನೆಯೇ ಅಪಾಯವಿಲ್ಲವೆಂದೂ ತೋರಬೇಕು, ಆಗಲೇ ನಗು ಹುಟ್ಟುವುದು ಎಂದು ಅಮೆರಿಕದ ಸಂಶೋಧಕರಾದ ಪೀಟರ್ ಮೆಗ್ರಾ ಮತ್ತು ಕೇಲೆಬ್ ವಾರೆನ್ 2010ರಲ್ಲಿ ವಾದಿಸಿದರು. ಎಡ್ನಾಳ ಸಭೆಯಲ್ಲಿ ಈ ಅಭಯವನ್ನು ಕೊಟ್ಟುದು ಮೊದಲು ವೇಷ; ಹಂಗಿಸುತ್ತಿರುವವಳು ಲೋಕದಲ್ಲಿ ಇಲ್ಲದ ಹೆಂಗಸಷ್ಟೆ! ಎರಡನೆಯದು ಸುತ್ತಲಿನ ನಗು. ಮನಶ್ಶಾಸ್ತ್ರಜ್ಞ ರಾಬರ್ಟ್ ಪ್ರೊವೈನ್ ವಿದ್ಯಾರ್ಥಿಗಳ ದಿನಚರಿಗಳನ್ನು ಪರೀಕ್ಷಿಸಿ, ಮನುಷ್ಯನು ಒಂಟಿಯಾಗಿರುವಾಗಿಗಿಂತ ಜನರ ನಡುವೆ ಸುಮಾರು 30 ಪಾಲು ಹೆಚ್ಚು ನಗುವನೆಂದು ಕಂಡನು. ನಟನಿಗಾದರೋ ನಗು ಒಂದು ಮಾಪಕ. ಅದು ತಗ್ಗಿತೆಂದರೆ ಕ್ಷಣಾರ್ಧದಲ್ಲಿ ಮಾತನ್ನು ಮೃದುಗೊಳಿಸಬಹುದು, ಇಲ್ಲವೇ ಬೇರೆ ಕುರ್ಚಿಯತ್ತ ತಿರುಗಬಹುದು.

ಈ ಮಾಪಕವಿಲ್ಲದೆ ಎಡ್ನಾ ಮಾತನಾಡಿದುದೂ ಉಂಟು. ಅಮೆರಿಕದ ‘ವ್ಯಾನಿಟಿ ಫೇರ್’ ಮಾಸಿಕದಲ್ಲಿ ಆಕೆಯ ಹೆಸರಿನ ಸಲಹಾ ಅಂಕಣವಿತ್ತು. ಸ್ಪ್ಯಾನಿಷ್ ಕಲಿಯಬೇಕೇ ಎಂಬ ಪ್ರಶ್ನೆಗೆ, ಆ ನುಡಿಯನ್ನಾಡುವವರು ಮನೆಗೆಲಸದವರಲ್ಲದೆ ಮತ್ತಾರು ಎಂಬ ಧ್ವನಿಯ ಉತ್ತರ 2003ರ ಫೆಬ್ರವರಿ ಸಂಚಿಕೆಯಲ್ಲಿ ಅಚ್ಚಾಯಿತು. ಅದೇ ಎಡ್ನಾ, ಅದೇ ಜಂಬ. ಆದರೆ ಓದುಗನ ಪಕ್ಕದಲ್ಲಿ ನಗುವ ನೆರೆಯವನಿರಲಿಲ್ಲ. ಬರೆದವನಿಗೆ ಓದುಗನ ಮುಖ ಕಾಣಲಿಲ್ಲ. ಆ ಮಾತು ರಂಗದ ಮೇಲೆಯೂ ಕೆಲವರನ್ನು ನೋಯಿಸುತ್ತಿತ್ತೆಂದೇ ನನ್ನ ಎಣಿಕೆ; ಅಲ್ಲಿಯಾದರೆ ಅದು ಕೂಡಲೇ ತಿಳಿಯುತ್ತಿತ್ತು. ಪ್ರತಿಭಟನೆ ಎದ್ದಿತು, ಪತ್ರಿಕೆ ಕ್ಷಮೆ ಕೇಳಬೇಕಾಯಿತು.