ಕಪ್ಪುಕುಳಿಯಲ್ಲಿ ಕಾಲ ಸಾಯುವುದಿಲ್ಲ

‘ಇಂಟರ್‌ಸ್ಟೆಲ್ಲರ್’ ನೋಡಿಕೊಂಡು ಬಂದ ಅಕ್ಕನ ಮಗಳು ಚಪ್ಪಲಿ ಬಿಡುವ ಮೊದಲೇ ಕೇಳಿದಳು: “ಮಾಮಾ, ಕಪ್ಪುಕುಳಿಯೊಳಗೆ ಟೈಮೇ ಇರಲ್ವಂತೆ, ಹೌದಾ? ಅಲ್ಲಿಂದ ಹಿಂದಿನ ಕಾಲಕ್ಕೂ ಹೋಗಬಹುದಂತೆ?”

ಇದು ಅವಳೊಬ್ಬಳ ಪ್ರಶ್ನೆಯಲ್ಲ. ಕ್ರಿಸ್ಟೊಫರ್ ನೋಲನ್ ಅವರ 2014ರ ಈ ಸಿನಿಮಾದಲ್ಲಿ ‘ಗಾರ್ಗ್ಯಾಂಟುವಾ’ ಎಂಬ ಕಾಲ್ಪನಿಕ ಕಪ್ಪುಕುಳಿಯಿದೆ. ಅದು ಕಾಲವನ್ನೂ ಕಾರ್ಯಕಾರಣ ಸಂಬಂಧವನ್ನೂ ಒಟ್ಟಿಗೆ ನುಂಗಿಹಾಕುವ ರಾಕ್ಷಸ ಎಂದೇ ತಿಳಿದವರು ಬಹಳ. ನಿಜವಾದ ಕಪ್ಪುಕುಳಿಗಳಿಗೂ ಅದೇ ಕೆಟ್ಟ ಹೆಸರು ಬಂದುಬಿಟ್ಟಿದೆ. ಅವುಗಳ ಮೇಲಿನ ಈ ಆರೋಪ ಸುಳ್ಳು ಎಂದು ಹೇಳಲೇಬೇಕು ಅನ್ನಿಸುತ್ತದೆ ನನಗೆ.

ಕಾಲ ನಿಧಾನವಾಗುತ್ತದೆ ಎಂಬುದು ಮಾತ್ರ ಅಪ್ಪಟ ಸತ್ಯ. ಸಿನಿಮಾದಲ್ಲಿ ಗಾರ್ಗ್ಯಾಂಟುವಾ ಬಳಿಯ ನೀರಿನ ಗ್ರಹದಲ್ಲಿ ಒಂದು ಗಂಟೆ ಕಳೆದರೆ ಭೂಮಿಯಲ್ಲಿ 7 ವರ್ಷ ಕಳೆದಿರುತ್ತದೆ. ಅಷ್ಟು ವ್ಯತ್ಯಾಸ ಬರಬೇಕಾದರೆ ಕಪ್ಪುಕುಳಿ ತನ್ನ ಮಿತಿಯ ಅಂಚಿನವರೆಗೂ ವೇಗವಾಗಿ ತಿರುಗುತ್ತಿರಬೇಕು. ಚಿತ್ರಕ್ಕೆ ವಿಜ್ಞಾನದ ಸಲಹೆ ಕೊಟ್ಟ ಕಿಪ್ ಥಾರ್ನ್ ಲೆಕ್ಕ ಹಾಕಿಯೇ ಒಪ್ಪಿಕೊಂಡರು. ಕಾಲದ ಈ ವ್ಯತ್ಯಾಸದ ಸಣ್ಣ ರೂಪ ನಮ್ಮ ಜೇಬಿನಲ್ಲೇ ಇದೆ. ಸುಮಾರು 20,200 ಕಿಲೋಮೀಟರ್ ಎತ್ತರದಲ್ಲಿ ಸುತ್ತುವ ಜಿಪಿಎಸ್ ಉಪಗ್ರಹಗಳ ಗಡಿಯಾರ ನಮ್ಮ ಗಡಿಯಾರಕ್ಕಿಂತ ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ, ಮುಖ್ಯವಾಗಿ ಅಲ್ಲಿ ಭೂಮಿಯ ಸೆಳೆತ ಕಡಿಮೆ ಇರುವುದರಿಂದ. ಇದನ್ನು ಸರಿಪಡಿಸದೆ ಬಿಟ್ಟರೆ ಒಂದೇ ದಿನದಲ್ಲಿ ಫೋನಿನ ಮ್ಯಾಪು ಹಲವು ಕಿಲೋಮೀಟರ್ ತಪ್ಪಿಹೋಗುತ್ತದೆ. ಸೆಳೆತ ಹೆಚ್ಚಿದ್ದಲ್ಲಿ ಕಾಲದ ನಡೆ ನಿಧಾನ, ಅಷ್ಟೇ.

ನಿಧಾನಕ್ಕೂ ನಾಶಕ್ಕೂ ಎಷ್ಟು ದೂರವಿದೆ ಎಂಬುದನ್ನು ಅದೇ ಸಿನಿಮಾ ತೋರಿಸುತ್ತದೆ. ಮಕ್ಕಳನ್ನು ಭೂಮಿಯಲ್ಲಿ ಬಿಟ್ಟುಬಂದ ನಾಯಕ, ಆ ನೀರಿನ ಗ್ರಹದಿಂದ ನೌಕೆಗೆ ಮರಳಿದ ತಂದೆ, ಭೂಮಿಯಿಂದ ಬಂದು ಗುಡ್ಡೆಬಿದ್ದ 23 ವರ್ಷಗಳ ವಿಡಿಯೊ ಸಂದೇಶಗಳ ಮುಂದೆ ಕೂರುತ್ತಾನೆ. ಮಗ ಬೆಳೆಯುತ್ತಾನೆ, ಮದುವೆಯಾಗುತ್ತಾನೆ, ಮಗುವನ್ನು ಕಳೆದುಕೊಳ್ಳುತ್ತಾನೆ. ಎಲ್ಲವೂ ಸಾಲಾಗಿ ಬರುತ್ತವೆ, ಕಳಿಸುವ ಮುನ್ನವೇ ತಲುಪಿದ ಸಂದೇಶ ಒಂದೂ ಇಲ್ಲ. ಭಾಗವತದ ಕಕುದ್ಮಿ ರಾಜನ ಕಥೆ ನೆನಪಿದೆಯಲ್ಲ? ಮಗಳು ರೇವತಿಗೆ ವರ ಕೇಳಲು ಬ್ರಹ್ಮಲೋಕಕ್ಕೆ ಹೋದ ಅವನು ಇಳಿದು ಬರುವಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದಿದ್ದವು. ಅದು ಭೌತಶಾಸ್ತ್ರ ಎಂದು ನಾನು ಹೇಳುತ್ತಿಲ್ಲ. ಆದರೆ ಅಲ್ಲೂ ಅವನು ಬಂದಿಳಿದದ್ದು ಮುಂದಿನ ಕಾಲಕ್ಕೆ. ಬಿಟ್ಟುಹೋದ ಊರು, ಬಂಧುಗಳು ಮತ್ತೆ ಸಿಗಲಿಲ್ಲ.

ಹಾಗಾದರೆ ಸಿನಿಮಾದ ಕೊನೆಯ ಭಾಗದಲ್ಲಿ ಕಪ್ಪುಕುಳಿಗೆ ಬಿದ್ದ ಆ ತಂದೆ ಮಗಳ ಪುಸ್ತಕದ ಕಪಾಟಿನ ಹಿಂದೆ, ಅದೂ ಕಳೆದುಹೋದ ಕಾಲಕ್ಕೆ, ತಲುಪಿದ್ದು ಹೇಗೆ? ಕಪಾಟಿನ ಹಿಂದಿನ ಆ ಕೋಣೆಯನ್ನು ಕಪ್ಪುಕುಳಿ ಕಟ್ಟಲಿಲ್ಲ. ಕಟ್ಟಿದವರು ಐದು ಆಯಾಮಗಳಲ್ಲಿ ಬಾಳುವ ಭವಿಷ್ಯದವರು ಎಂದು ಚಿತ್ರವೇ ಹೇಳುತ್ತದೆ. ಥಾರ್ನ್ ತಮ್ಮ ಪುಸ್ತಕದಲ್ಲಿ ಚಿತ್ರದ ವಿಜ್ಞಾನವನ್ನು ಸತ್ಯ, ಬಲ್ಲವರ ಊಹೆ, ಬರೀ ಊಹೆ ಎಂದು ಬೇರೆಬೇರೆ ಮಾಡಿಟ್ಟಿದ್ದಾರೆ. ನೋಡುವ ನಾವು ಮೂರನ್ನೂ ಕಲಸಿಬಿಡುತ್ತೇವೆ.

ನನಗೆ ತೋರುವಂತೆ, ಕಾರ್ಯಕಾರಣದ ವಿಷಯದಲ್ಲಿ ಕಪ್ಪುಕುಳಿಯಷ್ಟು ಕಟ್ಟುನಿಟ್ಟಿನ ಜಾಗ ಇನ್ನೊಂದಿಲ್ಲ. ಅದರ ‘ಘಟನಾ ದಿಗಂತ’ ಎಂಬ ಗಡಿಯ ಅರ್ಥವೇ ಅದು: ಒಳಗೆ ನಡೆದದ್ದು ಹೊರಗಿನ ಯಾವುದಕ್ಕೂ ಕಾರಣವಾಗಲಾರದು. ಬೀಳುತ್ತಿರುವವನು ಆ ಗಡಿಯಲ್ಲಿ ಹೆಪ್ಪುಗಟ್ಟಿ ನಿಂತಂತೆ ದೂರದವರಿಗೆ ಕಾಣುತ್ತದೆ ನಿಜ, ಆದರೆ ಅದು ಅವನಿಂದ ಬರುವ ಬೆಳಕು ತಡವಾಗಿ, ಕೆಂಪಾಗಿ, ಮಸುಕಾಗುವುದರಿಂದ. ಅವನ ಕೈಗಡಿಯಾರ ಎಂದಿನಂತೆಯೇ ಟಿಕ್‌ಟಿಕ್ ಎನ್ನುತ್ತಿರುತ್ತದೆ. ಗಡಿ ದಾಟಿದ ಮೇಲೆ ಕುಳಿಯ ಕೇಂದ್ರ ಅವನ ಪಾಲಿಗೆ ಒಂದು ಜಾಗವಾಗಿ ಉಳಿಯುವುದಿಲ್ಲ. ಅದು ಮುಂದೆ ಬರಲಿರುವ ಗಳಿಗೆ. ಯಾವ ದಿಕ್ಕಿಗೆ ಓಡಿದರೂ ನಾಳೆಯಿಂದ ತಪ್ಪಿಸಿಕೊಳ್ಳಲಾಗದ ಹಾಗೆ. ಕ್ಷೀರಪಥದ ನಡುವೆ ಇರುವ, ಸೂರ್ಯನ ಸುಮಾರು 43 ಲಕ್ಷ ಪಟ್ಟು ತೂಕದ ಕುಳಿಯಷ್ಟು ದೊಡ್ಡದು, ತಿರುಗದೆ ಇರುವಂಥದ್ದು ಎಂದುಕೊಂಡರೆ ಗಡಿಯಿಂದ ಆ ಗಳಿಗೆಗೆ ಹೆಚ್ಚೆಂದರೆ ಒಂದು ನಿಮಿಷದ ಆಸುಪಾಸು.

ಆ ಕೊನೆಯ ಗಳಿಗೆಯಲ್ಲಿ ಐನ್‌ಸ್ಟೈನ್ ಸಮೀಕರಣಗಳು ಸೋಲುತ್ತವೆ. ಬಿದ್ದವನ ಕಾಲದ ದಾರಿ ಅಲ್ಲಿಗೆ ತುಂಡಾಗುತ್ತದೆ ಎಂದು ರೋಜರ್ ಪೆನ್‌ರೋಸ್ 1965ರಲ್ಲಿ ತೋರಿಸಿದರು. ಅದಕ್ಕೆ ನೆಲೆಯಾಗಿ ನಿಂತದ್ದು ಕೋಲ್ಕತ್ತದ ಅಮಲ್ ಕುಮಾರ್ ರಾಯ್‌ಚೌಧುರಿ 1955ರಲ್ಲಿ ಪ್ರಕಟಿಸಿದ ಸಮೀಕರಣ. ‘ಕಾಲ ಸಾಯುತ್ತದೆ’ ಎಂಬ ಮಾತಿನಲ್ಲಿ ಸತ್ಯ ಎಂಬುದೇನಾದರೂ ಇದ್ದರೆ ಅದು ಇಷ್ಟು ಮಾತ್ರ, ಅದೂ ದಿಗಂತದ ಒಳಗೆ.

ಹೊರಗಿನಿಂದ ಕಪ್ಪುಕುಳಿ ಎಷ್ಟು ಶಿಸ್ತಿನ ವಸ್ತು ಎಂಬುದನ್ನು ಲೆಕ್ಕ ಹಾಕಿ ತೋರಿಸಿದವರಲ್ಲಿ ಮೊದಲಿಗರು ನಮ್ಮವರೇ. ಸಿ.ವಿ. ವಿಶ್ವೇಶ್ವರ ಬೆಂಗಳೂರಿನಲ್ಲಿ 1938ರಲ್ಲಿ ಹುಟ್ಟಿದವರು, ಕನ್ನಡದ ಲೇಖಕ ಸಿ.ಕೆ. ವೆಂಕಟರಾಮಯ್ಯನವರ ಮಗ, ಮುಂದೆ ಇಲ್ಲಿನ ಜವಾಹರಲಾಲ್ ನೆಹರೂ ತಾರಾಲಯದ ಸ್ಥಾಪಕ ನಿರ್ದೇಶಕರು. ಕಪ್ಪುಕುಳಿಗೆ ಗುರುತ್ವದ ಅಲೆಯೊಂದನ್ನು ಗುದ್ದಿಸಿದರೆ ಏನಾದೀತು ಎಂದು ಅವರು ಕಂಪ್ಯೂಟರಿನಲ್ಲಿ ನೋಡಿದರು. ಅದು ಕಂಪಿಸಿತು, ಬೇಗನೆ ಅಡಗಿತು. ಆ ಫಲಿತಾಂಶ 1970ರಲ್ಲಿ ‘ನೇಚರ್’ನಲ್ಲಿ ಅಚ್ಚಾಯಿತು. ಅಡುಗೆಮನೆಯಲ್ಲಿ ಏನಾದರೂ ಬಿದ್ದರೆ ನಮ್ಮಮ್ಮ ನಡುಮನೆಯಲ್ಲಿ ಕೂತೇ, ತಲೆ ಎತ್ತದೆ, “ಕಂಚಿನ ತಟ್ಟೆ” ಎನ್ನುತ್ತಾರೆ, ಇಲ್ಲವೇ “ಸ್ಟೀಲ್ ಲೋಟ.” ಹಾಗೆಯೇ ಕಪ್ಪುಕುಳಿಯ ಆ ಅಡಗುವ ನಾದದಿಂದಲೇ ಅದರ ತೂಕವನ್ನೂ ತಿರುಗುವ ವೇಗವನ್ನೂ ಹೇಳಬಹುದು.

2015ರ ಸೆಪ್ಟೆಂಬರ್ 14ರಂದು ಗುರುತ್ವದ ಅಲೆಗಳನ್ನು ಹಿಡಿಯುವ ಅಮೆರಿಕದ ಲೈಗೋ ವೀಕ್ಷಣಾಲಯ ಅದನ್ನು ನಿಜಕ್ಕೂ ಕೇಳಿತು. ಸೂರ್ಯನ 36 ಪಟ್ಟು ಮತ್ತು 29 ಪಟ್ಟು ತೂಕದ ಎರಡು ಕುಳಿಗಳು ಸುಮಾರು 130 ಕೋಟಿ ಜ್ಯೋತಿರ್ವರ್ಷ ದೂರದಲ್ಲಿ ಡಿಕ್ಕಿಯಾಗಿ ಒಂದಾಗಿದ್ದವು. ವಿಶ್ವೇಶ್ವರ 2017ರಲ್ಲಿ ತೀರಿಕೊಂಡರು. ಈ ಸುದ್ದಿ ಅವರಿದ್ದಾಗಲೇ ಬಂತಲ್ಲ ಎಂಬ ಸಮಾಧಾನ ನನಗೆ ಇಂದಿಗೂ ಇದೆ.

ಸದ್ದಾಗಿ ಮಾರ್ಪಡಿಸಿದ ಆ ಅಲೆಯನ್ನು ಫೋನಿನಲ್ಲಿ ಹಾಕಿ ಅಕ್ಕನ ಮಗಳಿಗೆ ಕೇಳಿಸಿದೆ. ತಗ್ಗಿನಿಂದ ಸರ್ರನೆ ಏರಿ ‘ಚುಯ್’ ಎಂದು ನಿಂತಿತು. “ಇಷ್ಟೇನಾ ಮಾಮಾ?” ಎಂದಳು. ಮತ್ತೆ ಹಾಕಿದೆ: ಇದು ಒಂದನ್ನೊಂದು ಸುತ್ತುತ್ತಿರುವುದು, ಇಲ್ಲಿ ಗುದ್ದಿದವು, ಕೊನೆಯಲ್ಲಿ ಚೂರೇ ಚೂರು ಅಡಗುತ್ತದಲ್ಲ, ವಿಶ್ವೇಶ್ವರ ಹೇಳಿದ ನಾದ ಅದು. ಮೂರನೆಯ ಸಲ ಫೋನನ್ನು ಅವಳೇ ಕಿವಿಗೆ ಹಿಡಿದುಕೊಂಡಳು.