ಭಿನ್ನರಾಶಿಯ ಬೋಧನೆಯೂ ಭಾಷೋಪಾಧ್ಯಾಯರೂ

ಗಣಿತವನ್ನು ಭಾಷೆಯಿಂದ ಬೇರ್ಪಡಿಸಿ ಕಲಿಸುವದರಿಂದ ಒದಗುವ ಹಾನಿಯು ಭಿನ್ನರಾಶಿಯಲ್ಲಿ ವಿಶೇಷವಾಗಿ ಕಾಣುವದು. ಮುಂಡರಗಿಯ ಕಡೆಯ ಒಕ್ಕಲುಮನೆತನದ ಬಾಲಕನು ಹೊಲದ ಅಳತೆಯನ್ನು ಎಕರೆ-ಗುಂಟೆಗಳಲ್ಲಿಯೇ ಕೇಳುತ್ತ ಬೆಳೆಯುವನು. 40 ಗುಂಟೆಗೆ ಒಂದು ಎಕರೆಯಾದುದರಿಂದ 3 ಎಕರೆ 20 ಗುಂಟೆಯೆಂದರೆ ಮೂರೂವರೆ ಎಕರೆ. ಇದನ್ನೇ ಪಹಣಿಯಲ್ಲಿ 3.20 ಎಂಬಂತೆ ಬರೆದಿರಲು, ಶಾಲೆಯ ದಶಾಂಶವನ್ನೇ ಅಲ್ಲಿ ಅನ್ವಯಿಸಿದವನಿಗೆ 12 ಗುಂಟೆ ಭೂಮಿಯು ಲೆಕ್ಕದಿಂದ ಜಾರಿಹೋಗುವದು! ಇಲ್ಲಿ ತಪ್ಪಿದುದು ಗುಣಾಕಾರವಲ್ಲ, ಬಿಂದುವಿನ ಅರ್ಥ.

9ನೆಯ ಶತಮಾನದಲ್ಲಿ, ಅಮೋಘವರ್ಷನ ಕಾಲದಲ್ಲಿ, ಮಹಾವೀರಾಚಾರ್ಯನು ರಚಿಸಿದ ‘ಗಣಿತಸಾರಸಂಗ್ರಹ’ದಲ್ಲಿ ಭಿನ್ನಗಣಿತದ ಪ್ರಕರಣಕ್ಕೆ ‘ಕಲಾಸವರ್ಣ’ವೆಂದು ಹೆಸರು. ಕಲೆಯೆಂದರೆ ಭಾಗ, ಸವರ್ಣವೆಂದರೆ ಸಮಾನಜಾತಿಯದು. ಸವರ್ಣದೀರ್ಘಸಂಧಿಯನ್ನು ಬಲ್ಲ ವಿದ್ಯಾರ್ಥಿಗೆ ಈ ಶಬ್ದವು ಹೊಸತಲ್ಲ. ಛೇದಗಳು ಬೇರೆಯಾದ ಭಾಗಗಳನ್ನು ಒಂದೇ ಜಾತಿಗೆ ತಂದ ಹೊರತು ಕೂಡಿಸಲಾಗದೆಂಬ ತತ್ತ್ವವೆಲ್ಲ ಆ ಹೆಸರಿನಲ್ಲಿಯೇ ಅಡಗಿದೆ. ಅದಕ್ಕೆ ಬೇಕಾದ, ಇಂದಿನ ಮಕ್ಕಳು ‘ಲ.ಸಾ.ಅ.’ ಎಂದು ಅರ್ಥವರಿಯದೆ ಉಚ್ಚರಿಸುವ ಸಂಖ್ಯೆಯನ್ನು ಆತನು ‘ನಿರುದ್ಧ’ವೆಂದನು. ಆ ಗ್ರಂಥವು ಸಂಸ್ಕೃತದ್ದು. 12ನೆಯ ಶತಮಾನದ ರಾಜಾದಿತ್ಯನಾದರೋ ‘ವ್ಯವಹಾರಗಣಿತ’ದಲ್ಲಿ ಸೂತ್ರಗಳನ್ನೂ ಉದಾಹರಣೆಗಳನ್ನೂ ಕನ್ನಡದಲ್ಲಿಯೇ ಹೇಳಿದನು.

ಕನ್ನಡ ಶಬ್ದಗಳಾದರೂ ಬಡವಲ್ಲ. ‘ಮುಕ್ಕಾಲು’ ಎಂಬಲ್ಲಿ ಮೂರು ಅಂಶ, ಕಾಲು ಅದರ ಜಾತಿ. ‘ಅರೆಕಾಲು’ ಎಂದರೆ ಕಾಲಿನ ಅರೆ, ಅರ್ಥಾತ್ ಎಂಟನೆಯ ಒಂದು ಪಾಲು. ಭಿನ್ನಗಳ ಗುಣಾಕಾರವು ಒಂದು ಸಮಾಸದಲ್ಲಿಯೇ ಮುಗಿಯಿತು. ಕನ್ನಡದ ಉಪಾಧ್ಯಾಯರು ಸಮಾಸಪಾಠದಲ್ಲಿ ಇಂಥ ಪದಗಳನ್ನು ಬಿಡಿಸಿ ತೋರಿಸಿದರೆ, ಗಣಿತದ ಉಪಾಧ್ಯಾಯರು ಮರುದಿನ ಅಲ್ಲಿಂದಲೇ ಪಾಠವನ್ನು ಮುಂದುವರಿಸಬಹುದು.