ಬಿಸಿಲಲ್ಲೂ ಕಾಣುವ ಡಿಜೆ ಪರದೆ

ಬೇಸಿಗೆಯಲ್ಲಿ ಯಾದಗಿರಿ ಜಿಲ್ಲೆಯ ಬಿಸಿಲು 40 ಡಿಗ್ರಿ ದಾಟುತ್ತದೆ. ಮದುವೆಗಳೂ ಆಗಲೇ. ಹುಣಸಗಿ ಸೀಮೆಯಲ್ಲಿ ಟ್ರ್ಯಾಕ್ಟರ್ ಟ್ರಾಲಿ ಮೇಲೆ ಸ್ಪೀಕರ್ ಪೆಟ್ಟಿಗೆ ಏರಿಸಿ ಡಿಜೆ ಹಚ್ಚುವ ಹುಡುಗರನ್ನು ಹಗಲು ಮೆರವಣಿಗೆಯಲ್ಲಿ ಕಾಡುವುದು ಲ್ಯಾಪ್‌ಟಾಪ್ ಪರದೆ. ಕಪ್ಪು ಹಿನ್ನೆಲೆ, ಬೂದು ಅಕ್ಷರ; ಬಿಸಿಲು ಬಿತ್ತೆಂದರೆ ಅದರಲ್ಲಿ ಕಾಣುವುದು ಅವರದೇ ಮುಖ. ಟ್ರಾಲಿ ಗುಂಡಿಗೆ ಇಳಿದಾಗ ಬೆರಳು ತಪ್ಪಿ ಓಡುವ ಹಾಡೇ ನಿಂತರೆ ಕುಣಿಯುವವರು ಬಿಟ್ಟಾರೆಯೇ?

ಇದಕ್ಕೆ ಹೊಸ ಲ್ಯಾಪ್‌ಟಾಪ್ ಬೇಕಿಲ್ಲ. ಡಿಜೆ ತಂತ್ರಾಂಶಕ್ಕೆ ಪುಕ್ಕಟೆ ಸಿಗುವ ‘ಸ್ಕಿನ್’ ಬದಲಿಸಿದರೆ ಅರ್ಧ ತಾಪತ್ರಯ ತಪ್ಪುತ್ತದೆ. ಹಾಡಿನ ದನಿಯನ್ನು ಸ್ಕಿನ್ ಮುಟ್ಟುವುದಿಲ್ಲ. ಯಾವ ಬಟನ್ ಎಲ್ಲಿರಬೇಕು, ಎಷ್ಟು ದಪ್ಪ, ಯಾವ ಬಣ್ಣ ಎಂಬುದಷ್ಟೇ ಅದರ ಕೆಲಸ.

ವರ್ಚುವಲ್ ಡಿಜೆಗೆ ಬಳಕೆದಾರರೇ ಮಾಡಿದ ಸ್ಕಿನ್‌ಗಳು ರಾಶಿ ಇವೆ. ಆದರೆ ಆ ತಂತ್ರಾಂಶ ಮನೆಬಳಕೆಗೆ ಮಾತ್ರ ಉಚಿತ, ಬಾಡಿಗೆಗೆ ಹೋಗುವವರು ಲೈಸೆನ್ಸ್ ಕೊಳ್ಳಬೇಕು. ಆ ರಗಳೆ ಇಲ್ಲದ್ದು ಮಿಕ್ಸ್. ಕೋಪನ್‌ಹೇಗನ್ ವಿಶ್ವವಿದ್ಯಾಲಯದ ಸಂಶೋಧಕ ಟ್ಯೂ ಹಾಸ್ಟೆ ಆಂಡರ್ಸನ್ 2001ರ ಸುಮಾರಿಗೆ ಶುರುಮಾಡಿದ ಈ ಮುಕ್ತ ತಂತ್ರಾಂಶವನ್ನು ಈಗ ಸ್ವಯಂಸೇವಕರು ಬೆಳೆಸುತ್ತಿದ್ದಾರೆ. ದುಡಿಮೆಗೆ ಬಳಸಿದರೂ ಕಾಸು ಕೊಡಬೇಕಿಲ್ಲ.

ಅದರೊಳಗೇ ಡೀರ್, ಲೇಟ್‌ನೈಟ್, ಶೇಡ್, ಟ್ಯಾಂಗೋ ಸ್ಕಿನ್‌ಗಳಿವೆ. ಹೆಸರೇ ಹೇಳುವಂತೆ ಲೇಟ್‌ನೈಟ್ ರಾತ್ರಿ ಕೆಲಸಕ್ಕೆ ಸರಿ. ಚಿಕ್ಕ ಪರದೆಗೆ ಶೇಡ್ ಹೊಂದುತ್ತದೆ. ಕಂಟ್ರೋಲ್ ಜೊತೆ ಪಿ ಒತ್ತಿ, ಇಂಟರ್‌ಫೇಸ್ ಪುಟಕ್ಕೆ ಹೋದರೆ ಸ್ಕಿನ್ ಆರಿಸಬಹುದು, ಬಟನ್ ಹಿಗ್ಗಿಸಲೂಬಹುದು. 2021ರಲ್ಲಿ ಬಂದ 2.3 ಆವೃತ್ತಿಯಿಂದ ಹಾಡುಗಳಿಗೂ ಬಣ್ಣ ಹಚ್ಚಬಹುದು: ಜಾನಪದಕ್ಕೆ ಕೆಂಪು, ಸಿನಿಮಾ ಹಾಡಿಗೆ ಹಳದಿ. ಗದ್ದಲದಲ್ಲಿ ಹೆಸರು ಓದುತ್ತ ಕೂರುವ ಪಾಡು ತಪ್ಪುತ್ತದೆ.

ಇಷ್ಟಕ್ಕೇ ತೃಪ್ತಿಯಾಗದವರು ಸ್ಕಿನ್ನಿನ ಫೋಲ್ಡರನ್ನೇ ಬಿಚ್ಚಬಹುದು. ಒಳಗಿರುವುದು ಚಿತ್ರಗಳು, ಬಟನ್‌ಗಳ ಜಾಗ ಹೇಳುವ ಎಕ್ಸ್‌ಎಂಎಲ್ ಫೈಲುಗಳು ಮತ್ತು ಬಣ್ಣ, ಅಕ್ಷರದ ಗಾತ್ರ ಬರೆದಿಟ್ಟ ಕ್ಯೂಎಸ್‌ಎಸ್ ಫೈಲುಗಳು. ನೋಟ್‌ಪ್ಯಾಡಿನಲ್ಲಿ ಬೂದು ಬಣ್ಣದ ಕೋಡ್ ಅಳಿಸಿ ಬಿಳಿಯದನ್ನು ಹಾಕಿದರೆ ಹಾಡಿನ ಹೆಸರು ಬಿಸಿಲಿಗೂ ಎದ್ದು ಕಾಣುತ್ತದೆ. ಎಂಜಿನಿಯರಿಂಗ್ ಓದಿರಬೇಕಿಲ್ಲ, ತಾಳ್ಮೆ ಇದ್ದರೆ ಆಯಿತು.

ಇಂಟರ್ನೆಟ್ಟಿನಿಂದ ಇಳಿಸುವಾಗ ಮಾತ್ರ ಕಣ್ಣು ತೆರೆದಿರಬೇಕು. ಸ್ಕಿನ್ ಹೆಸರಿನಲ್ಲಿ ‘ಇಎಕ್ಸ್‌ಇ’ ಫೈಲು ಬಂದರೆ ಮುಟ್ಟದೆ ಅಳಿಸುವುದೇ ವಾಸಿ. ತಿದ್ದುವ ಮೊದಲು ಮೂಲ ಫೋಲ್ಡರ್ ಕಾಪಿ ಮಾಡಿ, ಬೇರೆ ಹೆಸರಿಟ್ಟು, ಮಿಕ್ಸ್‌ನ ಸೆಟ್ಟಿಂಗ್ಸ್ ಫೋಲ್ಡರಿನೊಳಗೆ ‘ಸ್ಕಿನ್ಸ್’ ಎಂಬಲ್ಲಿ ಇಡಬೇಕು. ತಂತ್ರಾಂಶ ಇನ್‌ಸ್ಟಾಲ್ ಆದ ಜಾಗದಲ್ಲೇ ತಿದ್ದಿದರೆ, ಮುಂದಿನ ಅಪ್‌ಡೇಟಿಗೆ ಎಲ್ಲ ಅಳಿಸಿಹೋಗುತ್ತದೆ.